ಪಾಂಡೆಲಿಸರ ಬೆನ್ನು

ಈ ಸಂಜೆಯ ಅಧ್ಯಕ್ಷತೆ ವಹಿಸಿರುವ ಶ್ರೀಮತಿ ಶಾರ್ಲೆಟ್ ಅವರೇ, ನಮ್ಮ ಕಾಪು ಸಿನಿಮಾ ಬಳಗದ ಕಾರ್ಯದರ್ಶಿ, ಸದಾ ಅವಸರದಲ್ಲಿರುವ ಉಜ್ವಲ್ ಅವರೇ, ಅಥೆನ್ಸ್ ಪಟ್ಟಣದಿಂದ ಇಷ್ಟು ದೂರ ಬಂದು ನಮ್ಮ ಸೆಕೆಯನ್ನು ನಗುನಗುತ್ತ ಸಹಿಸಿಕೊಂಡಿರುವ ಶ್ರೀಮತಿ ಎಲೆನಿ ಅವರೇ, ಅವರ ಪಕ್ಕದಲ್ಲಿ ಕುಳಿತು ನನ್ನ ಮಾತನ್ನು ಇಂಗ್ಲಿಷಿಗೆ ದಾಟಿಸುತ್ತಿರುವ ಚೈತಾಲಿ, ಶಿರ್ವ, ಪೆರ್ಡೂರು, ಕಾರ್ಕಳಗಳಿಂದ ಬಸ್ಸು ಹತ್ತಿ ಬಂದಿರುವ ಹಿರಿಯರೇ, ಫ್ಯಾನಿನ ಕೆಳಗೆ ಜಾಗ ಸಿಕ್ಕಿದ ಸಭಿಕರೇ ಮತ್ತು ಸಿಗದ ಸಭಿಕರೇ,

ನಿಮಗೆಲ್ಲ ವಂದನೆ. ನನಗೆ ಹತ್ತು ನಿಮಿಷ ಕೊಟ್ಟಿದ್ದಾರೆ. ಹೈಸ್ಕೂಲು ಮೇಷ್ಟ್ರಿಗೆ ಹತ್ತು ನಿಮಿಷ ಎಂದರೆ ಹಾಜರಿ ಕರೆಯುವುದಕ್ಕೇ ಸಾಲದು. ಅದರಲ್ಲೂ ತಾಳಮದ್ದಳೆಯಲ್ಲಿ ಅರ್ಥ ಹೇಳಿ ಬಂದ ಮೇಷ್ಟ್ರು. ನನ್ನ ಹೆಂಡತಿ ಸುಗಂಧಿ ಮೂರನೆಯ ಸಾಲಿನಲ್ಲಿ ಕುಳಿತು ಈಗಲೇ ಗಡಿಯಾರ ನೋಡುತ್ತಿದ್ದಾಳೆ. ನೋಡಲಿ. ಮನೆಯಲ್ಲಿ ಅವಳು ಮಾತಾಡುವಾಗ ನಾನು ಗಡಿಯಾರ ನೋಡಿದ್ದುಂಟಾ?

ಆಹ್ವಾನ ಪತ್ರಿಕೆಯಲ್ಲಿ ನನ್ನ ಹೆಸರಿನ ಎದುರು 'ಪ್ರಾಸ್ತಾವಿಕ ನುಡಿ' ಎಂದು ಹಾಕಿದ್ದಾರೆ. ಅದರ ಮೇಲೆ, ದಪ್ಪ ಅಕ್ಷರದಲ್ಲಿ, 'ಗ್ರೀಸ್ ದೇಶದ ಪ್ರಖ್ಯಾತ ನಾಯಕನಟ ದಿವಂಗತ ಪಾಂಡೆಲಿಸ್ ಮಾವ್ರಿಕೋಸ್ ಸಂಸ್ಮರಣೆ' ಎಂದಿದೆ. ಉಜ್ವಲ್ ಬಹಳ ಪ್ರೀತಿಯಿಂದ ಮಾಡಿಸಿದ ಆಹ್ವಾನ. ಅದರಲ್ಲಿ ಎರಡು ತಪ್ಪುಂಟು. ಒಂದು, 'ಪ್ರಖ್ಯಾತ'. ಇನ್ನೊಂದು, 'ನಾಯಕನಟ'. ಉಳಿದದ್ದೆಲ್ಲ ಸರಿ.

ನಗಬೇಡಿ. ನಾನು ಇವತ್ತು ಪ್ರಾಸ್ತಾವಿಕಕ್ಕೆ ಬಂದವನಲ್ಲ. ಒಂದು ಪ್ರಶ್ನೆಗೆ ಉತ್ತರ ಹೇಳಲು ಬಂದವನು. ನಿನ್ನೆ ಮಣಿಪಾಲದ ಅತಿಥಿಗೃಹದಲ್ಲಿ ಎಲೆನಿಯವರು ತಮ್ಮ ಚೀಲದಿಂದ ಒಂದು ಫೋಟೋ ತೆಗೆದು ನನ್ನ ಚಹಾದ ಲೋಟದ ಪಕ್ಕ ಇಟ್ಟರು. ಅದರಲ್ಲಿ ಅವರ ತಂದೆ ಮೈಸೂರು ಪೇಟ ತೊಟ್ಟು, ಜರಿ ಶಾಲು ಹೊದ್ದು, ಕೊರಳ ತುಂಬ ಹಾರ ಹಾಕಿಕೊಂಡು, ಕೈಯಾಸರೆಗಳ ಮೇಲೆ ಸಿಂಹದ ಮುಖ ಕೆತ್ತಿದ ದೊಡ್ಡ ಕುರ್ಚಿಯಲ್ಲಿ ಕುಳಿತಿದ್ದಾರೆ. ಫೋಟೋದ ಕೆಳಗೆ ನಮ್ಮ ಕಾಪುವಿನ ಸ್ಟುಡಿಯೋದ ಹೆಸರು. ಎಲೆನಿಯವರು ಕೇಳಿದರು: "ನನ್ನ ತಂದೆ ಮಹಾರಾಜನ ಪಾತ್ರ ಮಾಡಿದ ಈ ಸಿನಿಮಾ ಎಲ್ಲಿದೆ? ಅದನ್ನು ನೋಡುವುದಕ್ಕೇ ನಾನು ಬಂದಿದ್ದೇನೆ."

ನಾನು ಲೋಟವನ್ನು ಫೋಟೋದಿಂದ ದೂರ ಸರಿಸಿದೆ. ಆಮೇಲೆ ಅವರು ಇನ್ನಷ್ಟು ಹೇಳಿದರು. ಅವರ ತಂದೆ ಮುದುಕರಾದ ಮೇಲೆ ದಿನಾ ಸಂಜೆ ತಮ್ಮ ಬೀದಿಯ ಕಾಫಿ ಅಂಗಡಿಯಲ್ಲಿ ಕುಳಿತು ಒಂದೇ ಮಾತು ಹೇಳುತ್ತಿದ್ದರಂತೆ: "ಇಲ್ಲಿ ನಾನು ಯಾರೂ ಅಲ್ಲ. ಇಂಡಿಯಾದಲ್ಲಿ ನಾನು ದೊಡ್ಡ ನಟ." ಕೇಳಿದವರು ನಗುತ್ತಿದ್ದರು. ಕಾಫಿ ತರುವವನೂ ನಗುತ್ತಿದ್ದ. ಒಂದು ದಿನ ಮಗಳಿಗೆ ತಡೆಯಲಾರದಷ್ಟು ನಾಚಿಕೆಯಾಗಿ, ಎಲ್ಲರ ಎದುರೇ, "ಅಪ್ಪಾ, ಸಾಕು ಮಾಡಿ ಈ ಸುಳ್ಳು" ಎಂದುಬಿಟ್ಟರು. ಪಾಂಡೆಲಿಸರು ಸಾಕು ಮಾಡಿದರು. ಸಾಯುವ ತನಕ ಮತ್ತೆ ಆ ಮಾತು ಎತ್ತಲಿಲ್ಲ. ಅವರು ಹೋದ ಮೇಲೆ ಮನೆ ಖಾಲಿ ಮಾಡುವಾಗ ಬೀರುವಿನ ಹಿಂದೆ ಈ ಫೋಟೋ ಸಿಕ್ಕಿತು. ಅಂದಿನಿಂದ ಎಲೆನಿಯವರು ಆ ಸಿನಿಮಾವನ್ನು ಹುಡುಕುತ್ತಿದ್ದಾರೆ. ಸಿಕ್ಕಿದರೆ ಅಪ್ಪ ಹೇಳಿದ್ದು ನಿಜ. ಸಿಗದಿದ್ದರೆ ಅಪ್ಪ ಹೇಳಿದ್ದು ಸುಳ್ಳು.

ಇದನ್ನು ಸಭೆಯಲ್ಲಿ ಹೇಳಬಹುದೇ ಎಂದು ಅವರನ್ನು ಕೇಳಿದ್ದೇನೆ. "ಹೇಳಿ. ನಾನು ಅಪ್ಪನಿಗೆ ಆ ಮಾತು ಹೇಳಿದ್ದು ಕೂಡ ನಾಲ್ಕು ಜನರ ಎದುರೇ ಅಲ್ಲವೇ" ಎಂದರು. ಉತ್ತರವನ್ನು ನಾಳೆ ಸಭೆಯಲ್ಲಿ ಕೊಡುತ್ತೇನೆ ಎಂದು ಹೇಳಿ ನಾನು ಬಸ್ಸು ಹತ್ತಿದೆ. ರಾತ್ರಿ ನಿದ್ದೆ ಬರಲಿಲ್ಲ. ಇಂಥ ಹೊತ್ತಿಗೆ ಕರುಣಾಕರ ಇರಬೇಕಿತ್ತು.

ಕರುಣಾಕರನನ್ನು ಇಲ್ಲಿಯ ಹಿರಿಯರಿಗೆ ಪರಿಚಯಿಸುವ ಅಗತ್ಯವಿಲ್ಲ. ಎಲೆನಿಯವರಿಗೂ ಕಿರಿಯರಿಗೂ ಹೇಳಬೇಕು. ಬ್ಯಾಂಕಿನಲ್ಲಿ ಗುಮಾಸ್ತ. ಕೌಂಟರಿನ ಆಚೆ ಕುಳಿತು ಜನರ ಸಹಿ ನೋಡುವುದು ಹಗಲಿನ ಕೆಲಸ. ಸಂಜೆಯಾದರೆ ಅವನು ಕೃಷ್ಣ, ಕರ್ಣ, ವಾಲಿ. ತಾಳಮದ್ದಳೆ ಎಂದರೆ ಎಂತ ಎಂದು ಎಲೆನಿಯವರು ಕೇಳಿದ್ದರು. ವೇಷವಿಲ್ಲ, ಕುಣಿತವಿಲ್ಲ. ಪಂಚೆ ಉಟ್ಟು, ಶಾಲು ಹೊದ್ದು ಎದುರುಬದುರು ಕುಳಿತವರು ಬರೀ ಮಾತಿನಲ್ಲಿ ಪುರಾಣದ ಪಾತ್ರಗಳನ್ನು ಕಟ್ಟುತ್ತಾರೆ. ಬರೆದಿಟ್ಟ ಸಂಭಾಷಣೆ ಇರುವುದಿಲ್ಲ. ಎದುರಿನವನು ಎಂತ ಕೇಳುತ್ತಾನೋ ಅದಕ್ಕೆ ಆ ಕ್ಷಣದಲ್ಲಿ ಉತ್ತರ ಹುಟ್ಟಬೇಕು. ಇದಕ್ಕೆ ಅರ್ಥ ಹೇಳುವುದು ಎನ್ನುತ್ತೇವೆ. ಉತ್ತರ ಹುಟ್ಟದೆ ಹೋದರೆ ಅರ್ಥಧಾರಿ ಮುಗಿದ ಹಾಗೆ. ಜನ ಕಲ್ಲು ಹೊಡೆಯುವುದಿಲ್ಲ, ಅದಕ್ಕಿಂತ ಕಷ್ಟ, ಅಯ್ಯೋ ಪಾಪ ಎನ್ನುತ್ತಾರೆ.

ಕರುಣಾಕರನಿಗೆ ಯಾವಾಗಲೂ ಎದುರು ಪಾತ್ರ ನನ್ನದು. ಅವನು ಕೃಷ್ಣನಾದರೆ ನಾನು ಕೌರವ. ಅವನು ವಾಲಿಯಾದರೆ ನಾನು ರಾಮ. ರಾಮನಾದರೆ ಒಳ್ಳೆಯದಲ್ಲವೇ ಎಂದು ನೀವು ಕೇಳಬಹುದು. ಸಾಯುವ ವಾಲಿಯ ಎದುರು ಮರದ ಮರೆಯಿಂದ ಬಾಣ ಬಿಟ್ಟ ರಾಮನಾಗಿ ಕುಳಿತು ನೋಡಿ, ಆಗ ಗೊತ್ತಾಗುತ್ತದೆ. ಚಪ್ಪಾಳೆ ಅವನಿಗೆ, ಬೆವರು ನನಗೆ. ಹಾಗೆಂದು ನನಗೆ ಹೊಟ್ಟೆಕಿಚ್ಚು ಇತ್ತು ಎಂದು ಯಾರೂ ತಿಳಿಯಬಾರದು. ಸ್ವಲ್ಪ ಇತ್ತು.

ಎಂಬತ್ತರ ದಶಕ ಆಗತಾನೇ ಶುರುವಾಗಿತ್ತು. ಉಡುಪಿ, ಮಣಿಪಾಲದಲ್ಲಿ ಸಿನಿಮಾ ಬಳಗಗಳ ಕಾಲ. ದೆಹಲಿಯ ರಾಯಭಾರ ಕಚೇರಿಗಳಿಂದ ತಗಡಿನ ಡಬ್ಬಿಗಳಲ್ಲಿ ಹೊರದೇಶದ ಸಿನಿಮಾ ಬರುತ್ತಿತ್ತು. ಹಾಗೆ ಒಂದು ಗ್ರೀಕ್ ಸಿನಿಮಾ ಬಂತು. ಅದರ ಹೆಸರು ನಮ್ಮ ನಾಲಗೆಗೆ ಹತ್ತಲಿಲ್ಲ. ಕೆಳಗೆ ಇಂಗ್ಲಿಷ್ ಅಕ್ಷರಗಳೂ ಇಲ್ಲ. ಮಣಿಪಾಲದಲ್ಲಿ ನೋಡಿದವರು ಅರ್ಧಕ್ಕೇ ಎದ್ದು ಮಸಾಲೆ ದೋಸೆಗೆ ಹೋದರು. ಕರುಣಾಕರ ಮಾತ್ರ ಕೊನೆಯ ತನಕ ಕುಳಿತ. ಮರುದಿನ ನನ್ನ ಮನೆಗೆ ಬಂದು, "ತಾರಾನಾಥ, ಇದು ಸಿನಿಮಾ ಅಲ್ಲ ಮಾರಾಯ, ಪ್ರಸಂಗ. ನಾವು ಅರ್ಥ ಹೇಳುವ" ಎಂದ.

ಭಾಷೆ ತಿಳಿಯದ ನಾವು ಕಣ್ಣಿನಲ್ಲೇ ಹಿಡಿದ ಕತೆ ಇಷ್ಟೇ. ಸಮುದ್ರ ತೀರದ ಊರು. ದೋಣಿಗಳ ಒಡೆಯನಾದ ಒಬ್ಬ ಧಣಿ. ಅವನ ಮಗನಿಗೂ ಹಾಡುವ ಒಬ್ಬಳಿಗೂ ಪ್ರೀತಿ. ಸಿನಿಮಾದ ತುಂಬ ಅವರಿಬ್ಬರೇ. ನಡುವೆ ಒಂದು ಬಿರುಗಾಳಿ, ಒಂದು ದೋಣಿ ಮುಳುಗುತ್ತದೆ. ದೀಪಸ್ತಂಭದ ದೀಪ ಆರಿತ್ತು, ಕಾವಲುಗಾರ ನಿದ್ದೆ ಮಾಡಿದ್ದ ಎಂದು ಧಣಿ ಊರಿನವರ ಎದುರು ಆರೋಪ ಹೊರಿಸುತ್ತಾನೆ. ಕಾವಲುಗಾರ ಟೊಪ್ಪಿ ಕೈಯಲ್ಲಿ ಹಿಡಿದು ನಿಲ್ಲುತ್ತಾನೆ. ಆಮೇಲೆ ಬೆನ್ನು ತಿರುಗಿಸಿ, ದೋಣಿ ಕಟ್ಟುವ ಕಲ್ಲಿನ ದಕ್ಕೆಯ ಮೇಲೆ ನಡೆದುಕೊಂಡು ಊರು ಬಿಟ್ಟು ಹೋಗುತ್ತಾನೆ. ಆ ನಡಿಗೆ ಬಹಳ ಉದ್ದ. ಬೆನ್ನು ಮಾತ್ರ ಕಾಣುತ್ತದೆ.

ಆ ಕಾವಲುಗಾರ ಪಾಂಡೆಲಿಸ್ ಮಾವ್ರಿಕೋಸ್.

ಕಾಪುವಿನಲ್ಲಿ ನಮಗೆ ದೀಪಸ್ತಂಭ ಎಂದರೆ ಮನೆಯ ಹಿತ್ತಿಲಿದ್ದ ಹಾಗೆ. ನಮ್ಮ ಜನಕ್ಕೆ ಧಣಿಯ ಮಗನ ಪ್ರೀತಿ ಯಾಕೆ ಬೇಕು? ಕಡಲ ತೀರದಲ್ಲಿ ಬಿಳಿ ಪರದೆ ಕಟ್ಟಿದೆವು. ಎಡಗಡೆ ಮೈಕು ಹಿಡಿದು ಕರುಣಾಕರ, ಕಾವಲುಗಾರನ ಅರ್ಥ. ಬಲಗಡೆ ನಾನು, ಧಣಿಯ ಅರ್ಥ. ಮದ್ದಳೆಯ ಬದಲಿಗೆ ಪ್ರೊಜೆಕ್ಟರಿನ ಕಟಕಟ. ಪ್ರೇಮದ ದೃಶ್ಯಗಳಲ್ಲಿ ನಾವಿಬ್ಬರೂ ಸುಮ್ಮನಿದ್ದು ನೀರು ಕುಡಿದೆವು. ಕಾವಲುಗಾರ ಬಂದ ಕೂಡಲೇ ಕರುಣಾಕರ ಗಂಟಲು ಸರಿಮಾಡಿಕೊಂಡ.

ಕಾವಲುಗಾರ ಬೆನ್ನು ತಿರುಗಿಸುವುದನ್ನೇ ಅವನು ಕಾಯುತ್ತಿದ್ದನೆಂದು ಆಗ ನನಗೆ ಗೊತ್ತಾಯಿತು. ಮುಖ ಕಂಡರೆ ತುಟಿಗೆ ಮಾತು ಹೊಂದಿಸಬೇಕು. ಬೆನ್ನಿಗೆ ಎಂತ ಹೊಂದಿಸುವುದುಂಟು? ಆ ಬೆನ್ನು ದಕ್ಕೆಯ ತುದಿ ಮುಟ್ಟುವ ತನಕ ಕರುಣಾಕರ ಮಾತಾಡಿದ. ಬೆಳಕು ಹಚ್ಚುವವನ ಬದುಕು, ಗಾಜು ಒರೆಸುವ ಬಟ್ಟೆ, ಒಬ್ಬನೇ ಉಣ್ಣುವ ಊಟ, ಸಮುದ್ರದ ಮೇಲೆ ಹೋಗುವ ಯಾವ ದೋಣಿಯಲ್ಲಿ ಯಾರಿದ್ದಾರೆಂದು ಗೊತ್ತಿಲ್ಲದೆಯೂ ಅವರಿಗಾಗಿ ಎಚ್ಚರವಿರುವುದು. ಆ ಬೆನ್ನು ಕೂಡ, ಏನು ಹೇಳಲಿ, ಮಾತು ಕೇಳಿಸಿಕೊಂಡ ಹಾಗೆ ನಡೆಯುತ್ತಿತ್ತು. ಒಂದು ಕಡೆ ಸ್ವಲ್ಪ ನಿಲ್ಲುತ್ತದೆ. ಬಲ ಭುಜ ಒಂದಿಷ್ಟು ಕೆಳಗಿಳಿಯುತ್ತದೆ. ಮತ್ತೆ ಹೊರಡುತ್ತದೆ. ಎರಡು ತಾಸಿನ ಸಿನಿಮಾದಲ್ಲಿ ಅಂಥ ಅಭಿನಯ ಮತ್ತೊಬ್ಬರು ಮಾಡಲಿಲ್ಲ.

ಆ ದಿನ ಮುಂದಿನ ಸಾಲಿನಲ್ಲಿ, ಮರಳಿನ ಮೇಲೆ, ರಾಚವ್ವ ಕುಳಿತಿದ್ದರು. ಇವತ್ತೂ ಬಂದಿದ್ದಾರೆ, ಅಗೋ, ಬಾಗಿಲ ಹತ್ತಿರ. ಅವರು ಆಗ ಬಾಗಲಕೋಟೆ ಕಡೆಯಿಂದ ರಸ್ತೆ ಕೆಲಸಕ್ಕೆ ಹೊಸದಾಗಿ ಬಂದ ಹುಡುಗಿ. ತುಳು ಬಾರದು, ಇಲ್ಲಿ ಯಾರು ಮಾತಾಡಿದರೂ ಅವರಿಗೆ ತಿಳಿಯುತ್ತಿರಲಿಲ್ಲ. ಅರ್ಥ ಹೇಳುವುದು ಕನ್ನಡದಲ್ಲಿ ನೋಡಿ. ಈ ಊರಿಗೆ ಬಂದ ಮೇಲೆ ಮೊದಲ ಸಲ ಅವರಿಗೆ ಒಂದು ಕತೆ ಪೂರ್ತಿ ತಿಳಿಯಿತು, ಅದೂ ಗ್ರೀಕ್ ಕತೆ. ನಾನು ಧಣಿಯಾಗಿ "ನಿನ್ನ ದೀಪ ಆರಿತ್ತು" ಎಂದು ಗುಡುಗಿದಾಗ ಅವರು ಎದ್ದು ನಿಂತು, ಪರದೆಯ ಕಡೆ ಅಲ್ಲ, ನನ್ನ ಕಡೆ ಕೈ ಮಾಡಿ ಹೇಳಿದರು: "ಏ ಸಾವ್ಕಾರ, ಸುಳ್ಳ ಯಾಕ ಹೇಳ್ತಿ? ದೀಪ ಉರಿಯಾಕತ್ತಿತ್ತು. ನಾ ನೋಡೀನಿ."

ನಿಜ. ಬಿರುಗಾಳಿಯ ದೃಶ್ಯದಲ್ಲಿ ಮೂಲೆಯಲ್ಲಿ ಒಂದು ಬೆಳಕು ಕಾಣುತ್ತದೆ. ನಾವು ಯಾರೂ ಗಮನಿಸಿರಲಿಲ್ಲ. ಅಂದಿನಿಂದ ಧಣಿಯ ಕೆಲಸ ಇನ್ನೂ ಕಷ್ಟವಾಯಿತು.

ಆ ಡಬ್ಬಿಗಳನ್ನು ವಾರದೊಳಗೆ ಹಿಂದೆ ಕಳುಹಿಸಬೇಕಿತ್ತು. ಲಾರಿ ಮುಷ್ಕರ ಬಂತು, ಆಮೇಲೆ ಮತ್ತೊಂದು ಬಂತು, ದೆಹಲಿಯವರು ಮರೆತರು. ನಾವು ನೆನಪಿಸಲಿಲ್ಲ. ಮಳೆ ಹಿಡಿಯುವ ತನಕ ಯಕ್ಷಗಾನ ಮೇಳದವರ ಹಾಗೆ ತಿರುಗಾಟ ಹೊರಟೆವು. ಶಿರ್ವದ ಇಗರ್ಜಿಯ, ಅಂದರೆ ಚರ್ಚಿನ, ಬಯಲು, ಪೆರ್ಡೂರಿನ ನಮ್ಮ ಶಾಲೆಯ ಅಂಗಳ, ಕೊನೆಗೆ ಕಾರ್ಕಳ. ಧಣಿಯ ಮಗ ಮತ್ತು ಹಾಡುವವಳು ಎಷ್ಟೇ ಚಂದ ಇರಲಿ, ಜನ ಅವರಿಬ್ಬರು ಬಂದಾಗ ಕಡಲೆ ತಿನ್ನುತ್ತಿದ್ದರು. ಕಾವಲುಗಾರ ಬಂದರೆ ಕಡಲೆ ನಿಲ್ಲುತ್ತಿತ್ತು. ಹಾಗೆ, ಸಭಿಕರೇ, ತನ್ನ ದೇಶದಲ್ಲಿ ಯಾರಿಗೂ ಗೊತ್ತಿಲ್ಲದ ಒಬ್ಬ ನಟ ತಾನು ಕಾಣದ ಒಂದು ಜಿಲ್ಲೆಯಲ್ಲಿ ನಾಯಕನಾದ.

ಕಾರ್ಕಳದಲ್ಲಿ ಕರುಣಾಕರ ಹೊಸ ಮಾತು ತೆಗೆದ. ಬೆನ್ನು ಸ್ವಲ್ಪ ನಿಲ್ಲುವ ಆ ಜಾಗದಲ್ಲಿ ಕೇಳಿದ: "ಧಣಿ, ಆರಿದ್ದನ್ನು ಹೇಳಲು ಊರಿಗೆ ಊರೇ ಬಂದಿದ್ದೀರಿ. ಇಷ್ಟು ವರ್ಷ ಉರಿಯಿತಲ್ಲ, ಒಂದು ದಿನವಾದರೂ ನಿಮ್ಮಲ್ಲಿ ಒಬ್ಬರು ಮೆಟ್ಟಿಲು ಹತ್ತಿ ಬಂದು, ಉರಿಯುತ್ತಿದೆ ಮಾರಾಯ ಎಂದು ಹೇಳಿದ್ದುಂಟೇ?"

ನನಗೆ ಉತ್ತರ ಹೊಳೆಯಲಿಲ್ಲ. ಆದರೆ ಸಿನಿಮಾ ನನ್ನನ್ನು ಕಾಪಾಡಿತು. ಅದು ನಿಲ್ಲುವುದಿಲ್ಲವಲ್ಲ, ಮುಂದೆ ಓಡಿತು, ಹಾಡುವವಳು ಬಂದಳು. ನಾನು ಬೆವರು ಒರೆಸಿಕೊಂಡೆ. ಅದೇ ಕೊನೆಯ ಆಟ. ಡಬ್ಬಿಗಳು ದೆಹಲಿಗೆ ಹೋದವು.

ಇನ್ನು ಪಾಂಡೆಲಿಸರ ವೃತ್ತಿಜೀವನದ ಬಗ್ಗೆ ಹೇಳಬೇಕು, ಅದಕ್ಕಾಗಿಯೇ ಅಲ್ಲವೇ ನನ್ನನ್ನು ನಿಲ್ಲಿಸಿದ್ದು. ಎಲೆನಿಯವರು ನಿನ್ನೆ ಹೇಳಿದಂತೆ ಅವರ ಮನೆಯಲ್ಲಿ ತಮಾಷೆಗೆ ಅವರನ್ನು 'ಬಾಗಿಲು ತೆರೆಯುವ ನಟ' ಎನ್ನುತ್ತಿದ್ದರಂತೆ. ನಾಯಕ ಬಂದರೆ ಬಾಗಿಲು ತೆರೆಯುವವನು, ಖಳ ಬಂದರೂ ಬಾಗಿಲು ತೆರೆಯುವವನು. ಪೊಲೀಸ್, ಪಾದ್ರಿ, ದೋಣಿಯವನು, ಹೋಟೆಲಿನಲ್ಲಿ ತಟ್ಟೆ ಹಿಡಿದವನು. ಹೆಸರುಗಳು ಪರದೆಯ ಮೇಲೆ ಮೂಡಿ ಮುಗಿಯುವ ಹೊತ್ತಿಗೆ ಇವರ ಹೆಸರು ಬಂದದ್ದು ಅಪರೂಪ. ಅಪ್ಪನ ಸಿನಿಮಾಕ್ಕೆ ಕರೆದುಕೊಂಡು ಹೋದರೆ ಮಗಳು ಕಣ್ಣು ಮಿಟುಕಿಸದೆ ಕೂರಬೇಕಿತ್ತಂತೆ. ಮಿಟುಕಿಸಿದರೆ ಅಪ್ಪ ಬಂದು ಹೋಗಿ ಆಗುತ್ತಿತ್ತು. ಆಮೇಲೆ ಅಲ್ಲಿ ಮನೆಮನೆಗೆ ಟಿವಿ ಬಂತು, ಸಿನಿಮಾ ತೆಗೆಯುವುದು ಕಡಿಮೆಯಾಯಿತು, ದೊಡ್ಡ ನಟರಿಗೇ ಕೆಲಸವಿಲ್ಲ, ಬಾಗಿಲು ತೆರೆಯುವವನನ್ನು ಯಾರು ಕರೆಯುತ್ತಾರೆ? ಪಾಂಡೆಲಿಸರು ಸರಕು ಹಡಗಿನಲ್ಲಿ ಅಡಿಗೆಯವರಾಗಿ ಸೇರಿದರು.

ಆ ಹಡಗಿನ ಎಂಜಿನ್ ಕೋಣೆಯಲ್ಲಿ ನಮ್ಮ ಶಿರ್ವದ ಲೂಯಿಸ್ ಕೆಲಸಕ್ಕಿದ್ದ. ಅಗೋ, ಕೈ ಎತ್ತುತ್ತಿದ್ದಾನೆ. ಇಳಿಸು ಲೂಯಿಸ್, ಎಲ್ಲರಿಗೂ ಕಂಡಿತು. ಲೂಯಿಸ್ ಆ ಸಿನಿಮಾವನ್ನು ಇಗರ್ಜಿಯ ಬಯಲಿನಲ್ಲಿ ನೋಡಿದವನು. ಒಂದು ದಿನ ಊಟಕ್ಕೆ ಹೋದಾಗ ಅಡಿಗೆಯವರು ಒಲೆಯ ಕಡೆ ಮುಖ ಮಾಡಿ ಸಾರು ತಿರುವುತ್ತಿದ್ದರಂತೆ. ಬೆನ್ನು ಮಾತ್ರ ಕಾಣುತ್ತಿತ್ತು. ಬಲ ಭುಜ ಒಂದಿಷ್ಟು ಕೆಳಗಿಳಿಯಿತು. ಲೂಯಿಸನ ಕೈಯಿಂದ ತಟ್ಟೆ ಬಿತ್ತು. ಇದನ್ನು ಅವನು ಮದುವೆ ಮನೆಗಳಲ್ಲಿ ಹೇಳಿ ಹೇಳಿ ಈಗ ತಟ್ಟೆಯ ಜೊತೆ ಸಾರಿನ ಪಾತ್ರೆಯೂ ಬೀಳುತ್ತದೆ. ತಟ್ಟೆ ಮಾತ್ರ ನಿಜ.

ಹಡಗು ಅದಿರು ತುಂಬಿಸಲು ಪಣಂಬೂರು ಬಂದರಿಗೆ ಬಂದಾಗ ಲೂಯಿಸ್ ಅವರನ್ನು ಕರೆದುಕೊಂಡು ಕಾಪುವಿಗೆ ಬಂದ. "ನಿಮ್ಮನ್ನು ನಮ್ಮ ಊರಲ್ಲಿ ಎಲ್ಲರೂ ಬಲ್ಲರು" ಎಂದು ಹೇಳಿದಾಗ ಪಾಂಡೆಲಿಸರು "ನನ್ನನ್ನು ಬೇರೆ ಯಾರೋ ಎಂದುಕೊಂಡಿದ್ದೀಯ" ಎಂದರಂತೆ. ಆ ಸಿನಿಮಾವನ್ನೇ ಅವರು ಮರೆತಿದ್ದರು. ನೆನಪು ಮಾಡಿಸಿದಾಗ, "ಓ, ಅದಾ, ಚಳಿಯಲ್ಲಿ ದಕ್ಕೆಯ ಮೇಲೆ ನಡೆಸಿದರು. ಶೂ ಕಚ್ಚುತ್ತಿತ್ತು" ಎಂದರು. ಕರುಣಾಕರನಿಗೆ ಇದನ್ನು ನಾವು ಯಾರೂ ಹೇಳಲಿಲ್ಲ.

ಮರುದಿನವೇ ಸನ್ಮಾನ, ಸುದ್ದಿ ಕೇಳಿ ಶಿರ್ವ, ಪೆರ್ಡೂರಿನವರೂ ಬಂದರು. ನಮ್ಮ ಊರಿನ ಕ್ರಮ ನಿಮಗೆ ಗೊತ್ತುಂಟು. ಇಲ್ಲಿ ಯಾರಿಗೂ ಸಣ್ಣ ಸನ್ಮಾನ ಮಾಡಲು ಬರುವುದಿಲ್ಲ. ಅಂಚೆ ಪೇದೆ ನಿವೃತ್ತನಾದರೂ ಸನ್ಮಾನ ಪತ್ರದಲ್ಲಿ ಅವನು ಮೇರು ಪರ್ವತ. ಪತ್ರ ಬರೆಯುವ ಕೆಲಸ ನನ್ನದಾಗಿತ್ತು. 'ಗ್ರೀಸ್ ದೇಶದ ಕಣ್ಮಣಿ, ರಜತಪರದೆಯ ಸಾರ್ವಭೌಮ' ಎಂದು ಬರೆದೆ. ಪೇಟ ತೊಡಿಸಿದೆವು, ಶಾಲು ಹೊದೆಸಿದೆವು, ಹಣ್ಣಿನ ಬುಟ್ಟಿ ಕೊಟ್ಟೆವು. ಮದುವೆ ಮಂಟಪಕ್ಕೆ ಬಾಡಿಗೆಗೆ ಕೊಡುವ ಸಿಂಹದ ಕುರ್ಚಿ ತರಿಸಿ ಅದರಲ್ಲಿ ಕೂರಿಸಿದೆವು. ಸ್ಟುಡಿಯೋದವರು ಫೋಟೋ ತೆಗೆದರು. ಎಲೆನಿಯವರೇ, ನಿಮ್ಮ ಚೀಲದಲ್ಲಿರುವುದು ಅದು. ಲೂಯಿಸ್ ಪಕ್ಕದಲ್ಲಿ ನಿಂತು ಸಾರ್ವಭೌಮ ಎಂಬುದನ್ನೂ ಅವರಿಗೆ ದಾಟಿಸಿದ. ನಿಮ್ಮ ತಂದೆ ಆಗ ಹಿಂದೆ ತಿರುಗಿ ನೋಡಿದರು, ಬೇರೆ ಯಾರಾದರೂ ಬಂದರೇನೋ ಎಂಬಂತೆ.

ತೋರಿಸಲು ಸಿನಿಮಾ ಇರಲಿಲ್ಲ. ಹಾಗಾಗಿ ಕರುಣಾಕರ ಹೇಳಿದ, "ಸಿನಿಮಾ ಇಲ್ಲದಿದ್ದರೆ ಎಂತ, ಅರ್ಥ ಉಂಟಲ್ಲ." ಅವರ ಎದುರೇ ನಾವಿಬ್ಬರೂ ಕುಳಿತೆವು. ತನ್ನದೇ ಪಾತ್ರವನ್ನು ಇನ್ನೊಬ್ಬ ಗೊತ್ತಿಲ್ಲದ ಭಾಷೆಯಲ್ಲಿ ಆಡುವುದನ್ನು ಪೇಟ ತೊಟ್ಟುಕೊಂಡು ಅವರು ನೋಡಿದರು. ಕರುಣಾಕರ ಆ ದಿನ ಬೇರೆಯೇ ಆಗಿದ್ದ. ಬೇಡ ಬೇಡ ಎಂದು ನಾನು ಮನಸ್ಸಿನಲ್ಲಿ ಹೇಳುತ್ತಿದ್ದ ಹಾಗೆಯೇ ಕಾರ್ಕಳದ ಆ ಪ್ರಶ್ನೆಗೆ ಬಂದ. ಉರಿಯುತ್ತಿದೆ ಎಂದು ಹೇಳಲು ಒಬ್ಬರಾದರೂ ಬಂದದ್ದುಂಟೇ ಧಣಿ?

ಈ ಸಲ ಕಾಪಾಡಲು ಸಿನಿಮಾ ಇರಲಿಲ್ಲ. ಸಭೆ ಕಾಯಿತು. ಪದ ಹಾಡುವ ಭಾಗವತರು ತಾಳ ಹಿಡಿದು ಕಾದರು. ನನ್ನ ಬಾಯಿ ತೆರೆದಿತ್ತು, ಮಾತು ಬರಲಿಲ್ಲ. ಹಿಂದಿನ ಸಾಲಿನಿಂದ ಯಾರೋ ಅಯ್ಯೋ ಪಾಪ ಎಂದದ್ದು ನನಗೆ ಕೇಳಿಸಿತು. ಇವತ್ತೂ ಕೇಳಿಸುತ್ತದೆ.

ಆಗ ಪಾಂಡೆಲಿಸರು ಎದ್ದರು. ಪೇಟ ತೆಗೆದು ಎರಡೂ ಕೈಯಲ್ಲಿ ಹಿಡಿದುಕೊಂಡರು. ನನ್ನ ಎದುರು ಬಂದು, ತಲೆ ತಗ್ಗಿಸಿ ಸ್ವಲ್ಪ ಹೊತ್ತು ನಿಂತರು. ಆಮೇಲೆ ಬೆನ್ನು ತಿರುಗಿಸಿದರು. ವೇದಿಕೆಯ ಮೆಟ್ಟಿಲು ಇಳಿದು, ಸಭೆಯ ನಡುವಿನ ದಾರಿಯಲ್ಲಿ, ಅದೇ ನಡಿಗೆ. ಒಂದು ಕಡೆ ನಿಂತರು. ಬಲ ಭುಜ ಇಳಿಯಿತು. ಕರುಣಾಕರನಿಗೆ ಇಷ್ಟು ಸಾಕಾಗಿತ್ತು. ಅವನು ಆ ಬೆನ್ನಿಗೆ ಅರ್ಥ ಹೇಳಿದ, ಅವರು ನಡೆದರು. ಅವನಿಗೆ ಗ್ರೀಕ್ ಬಾರದು, ಅವರಿಗೆ ಕನ್ನಡ ಬಾರದು. ಜನ ಕಾಲು ಒಳಗೆಳೆದುಕೊಂಡು ದಾರಿ ಬಿಟ್ಟರು. ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರು. ಬಾಗಿಲು ದಾಟಿ ಅವರು ಹೊರಗೆ ಹೋದ ಮೇಲೂ ಎಲ್ಲರ ಮುಖ ಆ ಬಾಗಿಲ ಕಡೆಗೇ ಇತ್ತು. ಯಾರೂ ನನ್ನ ಕಡೆ ನೋಡುತ್ತಿರಲಿಲ್ಲ. ನಾನು ಉತ್ತರ ಕೊಡಲಿಲ್ಲ ಎಂಬುದು ಯಾರಿಗೂ ನೆನಪಿರಲಿಲ್ಲ.

ಆಮೇಲೆ ಬಾವಿಯ ಹತ್ತಿರ ಸಿಗರೇಟು ಸೇದುತ್ತ ಅವರು ಲೂಯಿಸನಿಗೆ ಹೇಳಿದರಂತೆ: "ಆ ಮಹಾಶಯರು ಮಾತು ಮರೆತರು. ಎದುರಿನವರು ಮಾತು ಮರೆತಾಗ ಹೊತ್ತು ತುಂಬುವುದು ನಮ್ಮಂಥವರ ಕೆಲಸ. ಹಾಗಾಗಿ ಹೊರಟೆ." ಹೇಳುವಾಗ ಕಣ್ಣು ಒದ್ದೆಯಾಗಿತ್ತು ಎಂದು ಲೂಯಿಸ್ ಹೇಳುತ್ತಾನೆ. ಇದನ್ನು ಅವನು ಎಲ್ಲಿಯೂ ಬೆಳೆಸಿ ಹೇಳಿದ್ದಿಲ್ಲ.

ನನ್ನನ್ನು ಬಿದ್ದಲ್ಲಿಂದ ಎತ್ತಿದವರು ಅವರು. ಇಂಥ ನಟನನ್ನು ಏನೆಂದು ಕರೆಯಬೇಕು? ನಾಯಕ ಎನ್ನಬೇಕೇ? ಅವರು ಕೇಳಿದರೆ ಮತ್ತೆ ಹಿಂದೆ ತಿರುಗಿ ನೋಡಿಯಾರು.

ಆ ದಿನದ ನಂತರ ನಾನು ಅರ್ಥ ಹೇಳಲಿಲ್ಲ. ಶಾಲೆಯ ಕೆಲಸ ಹೆಚ್ಚಾಗಿತ್ತು, ಪೆರ್ಡೂರಿನ ಬಸ್ಸು ತಡವಾಗುತ್ತಿತ್ತು, ಸಕ್ಕರೆ ಕಾಯಿಲೆ ಬೇರೆ. ಜನಕ್ಕೆ ಹಾಗೆಂದು ಹೇಳಿದೆ. ಕರುಣಾಕರ ಒಂದು ದಿನವೂ ಯಾಕೆ ಎಂದು ಕೇಳಲಿಲ್ಲ. ಪ್ರತಿ ಭಾನುವಾರ ನಮ್ಮ ಮನೆಗೆ ಬಂದು, ಸುಗಂಧಿಯ ಕೈಯ ನೀರುದೋಸೆ ತಿಂದು, ಬೇರೆ ಎಲ್ಲ ಮಾತಾಡಿ ಹೋಗುತ್ತಿದ್ದ. ಹೋದ ವರ್ಷ ಅವನು ಆಸ್ಪತ್ರೆಯಲ್ಲಿ ಮಲಗಿದ್ದಾಗ ನೋಡಲು ಹೋದೆ. ಮೂಗಿನಲ್ಲಿ ನಳಿಗೆ. ನನ್ನನ್ನು ಕಂಡು ನಕ್ಕು, "ಧಣಿ, ಬಂದಿರಾ" ಎಂದ. ಅಷ್ಟೇ. ನನಗೆ ಅಲ್ಲಿ ಅಳು ಬಂತು, ಹೊರಗೆ ಬಂದೆ. ಅವನು ಇಲ್ಲದೆ ನನಗೆ ಭಾನುವಾರ ಕಳೆಯುವುದಿಲ್ಲ. ಇದನ್ನು ಹೇಳಬೇಕೆಂದು ಬಂದದ್ದಲ್ಲ, ಬಾಯಿಗೆ ಬಂತು, ಕ್ಷಮಿಸಿ.

ಇನ್ನೊಂದು ಸಣ್ಣ ಮಾತು. ಎಲೆನಿಯವರು ಆ ಹಳೆಯ ಸಿನಿಮಾದ ಹೊಸ ಪ್ರತಿ ತಂದಿದ್ದಾರೆ, ಈ ಸಲ ಕೆಳಗೆ ಅಕ್ಷರಗಳುಂಟು. ಸಭೆ ಮುಗಿದ ಮೇಲೆ ತೋರಿಸುತ್ತಾರೆ. ನಾನು ಬೆಳಿಗ್ಗೆಯೇ ನೋಡಿದೆ. ಕಾವಲುಗಾರನಿಗೆ ಇರುವುದು ಒಂದೇ ಮಾತು: "ನನ್ನ ಕೋಟು ಕೊಡಿ." ಹಿರಿಯರು ದಯವಿಟ್ಟು ಪರದೆಯ ಜೊತೆ ಜಗಳಕ್ಕೆ ಹೋಗಬಾರದು.

ಎಲೆನಿಯವರೇ, ಈಗ ನಿಮ್ಮ ಪ್ರಶ್ನೆ. ಚೈತಾಲಿ, ನಿಧಾನವಾಗಿ, ಒಂದೂ ಬಿಡದೆ ಹೇಳಮ್ಮ.

ನಿಮ್ಮ ತಂದೆ ಮಹಾರಾಜನಾದ ಸಿನಿಮಾ ಇಲ್ಲ. ಕಳೆದುಹೋದದ್ದಲ್ಲ, ಸುಟ್ಟುಹೋದದ್ದಲ್ಲ, ಎಂದೂ ಇರಲಿಲ್ಲ. ಅದನ್ನು ಇನ್ನು ಹುಡುಕಬೇಡಿ. ಅವರು ಇಂಡಿಯಾದಲ್ಲಿ ಯಾವ ಕ್ಯಾಮೆರಾದ ಎದುರೂ ನಟಿಸಲಿಲ್ಲ. ಆದರೆ ನಿಮ್ಮ ತಂದೆ ಸುಳ್ಳು ಹೇಳಲಿಲ್ಲ ಅಮ್ಮ. ಕಾಪುವಿನಿಂದ ಕಾರ್ಕಳದ ತನಕ ಒಂದು ಬೇಸಗೆ ಇಡೀ ಜನ ಅವರಿಗಾಗಿ ಕಾದರು. ಒಂದು ಸಂಜೆ ಅವರು ನಮ್ಮ ನಡುವೆ ನಡೆದರು. ನನ್ನ ಆಯುಷ್ಯದಲ್ಲಿ ಅದಕ್ಕಿಂತ ದೊಡ್ಡ ಅಭಿನಯ ನಾನು ಕಂಡಿಲ್ಲ.

ಆದರೆ ನೀವು ನನ್ನ ಮಾತನ್ನು ಯಾಕೆ ನಂಬಬೇಕು? ನಾನು ಮಾತಿನವನು. ಅಂಚೆ ಪೇದೆಯನ್ನು ಮೇರು ಪರ್ವತ ಮಾಡಿದವನು. ಕಾಫಿ ಅಂಗಡಿಯಲ್ಲಿ ನಿಮ್ಮ ತಂದೆಗೆ ಸಾಕ್ಷಿ ಹೇಳಲು ಒಬ್ಬರೂ ಇರಲಿಲ್ಲ, ಅಷ್ಟೇ ಅಲ್ಲವೇ ಅಲ್ಲಿ ಆದದ್ದು? ಆದ್ದರಿಂದ ಸಭಿಕರಲ್ಲಿ ನನ್ನ ಒಂದು ವಿನಂತಿ. ಆ ಸಂಜೆ ಪಾಂಡೆಲಿಸರು ನಡೆದದ್ದನ್ನು ಕಣ್ಣಾರೆ ಕಂಡವರು ಈ ಸಭೆಯಲ್ಲಿದ್ದರೆ ದಯಮಾಡಿ ಎದ್ದು ನಿಲ್ಲಬೇಕು.

ಲೂಯಿಸ್, ನೀನು ಕೂತಿರು. ಕರೆತಂದವನು ನೀನೇ, ನಿನ್ನ ಸಾಕ್ಷಿ ನಡೆಯುವುದಿಲ್ಲ. ಆಯಿತು ಮಾರಾಯ, ನಿಲ್ಲು.

ರಾಚವ್ವ ಎದ್ದಿದ್ದಾರೆ. ಕೈ ಹಿಡಿಯಿರಿ ಅವರನ್ನು. ಆ ಮೂಲೆಯಲ್ಲಿ ಶಿರ್ವದವರು. ಕಾನ್ಸೆಪ್ಟಾ ಬಾಯಿ, ನೀವು ಕೂತಲ್ಲಿಂದಲೇ ಕೈ ಎತ್ತಿದರೆ ಸಾಕು, ಮೊಣಕಾಲಿಗೆ ತೊಂದರೆ ಕೊಡಬೇಡಿ. ಪೆರ್ಡೂರಿನಿಂದ, ಅಯ್ಯಯ್ಯೋ, ನನ್ನ ಶಿಷ್ಯರು, ನಿಮ್ಮ ತಲೆಯೂ ನರೆತಿತಾ? ಅಲ್ಲಿ ಇಬ್ಬರು. ಕಂಬದ ಹಿಂದೆ ಒಬ್ಬರು, ಇತ್ತ ಬನ್ನಿ, ಕಾಣುವುದಿಲ್ಲ. ಅವಸರವಿಲ್ಲ, ಕುರ್ಚಿ ಹಿಡಿದುಕೊಂಡೇ ಏಳಿ.

ಸುಗಂಧಿ, ನೀನು ಯಾಕೆ ಎದ್ದೆ? ನಮ್ಮ ಮದುವೆಯಾದದ್ದು ಅದರ ಮರುವರ್ಷ ಅಲ್ವಾ? ಹೆಂಗಸರ ಸಾಲಿನಲ್ಲಿದ್ದೆಯಾ? ಹಾಗಾದರೆ ನಾನು ಬಾಯಿ ತೆರೆದು ಕುಳಿತದ್ದನ್ನೂ ನೋಡಿದ್ದೆಯಾ?

ಇರಲಿ. ಅದನ್ನು ಮನೆಯಲ್ಲಿ ಮಾತಾಡುವ.

ಚೈತಾಲಿ, ಅಳಬೇಡ, ಇನ್ನು ದಾಟಿಸುವಂಥದ್ದು ಏನೂ ಇಲ್ಲ. ಎಲೆನಿಯವರಿಗೆ ಹಿಂದಕ್ಕೆ ತಿರುಗಿ ನೋಡಲು ಮಾತ್ರ ಹೇಳು.

ನನ್ನ ಮಾತು ಇಲ್ಲಿಗೆ ಸಾಕು. ಅವಕಾಶ ಕೊಟ್ಟ ಬಳಗಕ್ಕೂ, ಹತ್ತು ನಿಮಿಷವನ್ನು ಇಷ್ಟು ಹಿಗ್ಗಿಸಲು ಬಿಟ್ಟ ಅಧ್ಯಕ್ಷರಿಗೂ, ಎದ್ದು ನಿಂತ ನಿಮಗೆಲ್ಲರಿಗೂ ನಾನು ಋಣಿ. ಯಾರೂ ಈಗಲೇ ಕೂರಬೇಡಿ. ಎಲೆನಿಯವರು ಒಬ್ಬೊಬ್ಬರ ಮುಖವನ್ನೂ ನೋಡುತ್ತಿದ್ದಾರೆ.

ನಮಸ್ಕಾರ.